ಮಲ್ಲು ಮಾಮಾನ ಅಸೆಂಬಲ್ಡ್ ಟೀವಿ

ಮೊನ್ನೆ ಚಿಕ್ಕೋಡಿಯ ಬಸ್‌ಸ್ಟ್ಯಾಂಡಿನ ಹಿಂದಿರುವ ಮೊಬೈಲ್ ರಿಪೇರಿ ಅಂಗಡಿಯಲ್ಲಿ ನಿಂತಿದ್ದಾಗ ಆ ವಾಸನೆ ಬಂತು. ಬೆಸುಗೆ ಹಾಕುವ ಕಾದ ಕಡ್ಡಿಯ ತುದಿಗೆ ರಾಳ ತಾಗಿ, ಚುರ್ ಎಂದು ಎಳೆಯಷ್ಟು ಬಿಳಿ ಹೊಗೆ ಏಳುತ್ತದಲ್ಲ, ಅದರ ವಾಸನೆ. ಧೂಪದ್ದೂ ಅಲ್ಲ, ಸುಟ್ಟ ವಯರಿನದ್ದೂ ಅಲ್ಲ, ಎರಡರ ನಡುವೆ ಎಲ್ಲೋ ಇರುವಂಥದು. ಅಂಗಡಿಯವರು ನನ್ನ ಫೋನಿನ ಹೊಟ್ಟೆ ಬಿಚ್ಚಿಟ್ಟುಕೊಂಡು, ತಲೆ ಎತ್ತದೆ, "ಮೇಡಂ, ಕಂಪನೀದ ಹಾಕ್ಲಿ ಏನ್ ಲೋಕಲ್ ನಡೀತೈತ್ರಿ?" ಎಂದು ಕೇಳಿದರು. ಆ ಹೊತ್ತಿಗೆ ನಾನು ಅಲ್ಲಿರಲೇ ಇಲ್ಲ. ರಾಯಬಾಗದ ಆಯಿಯ ಮನೆಯ ಪಡಸಾಲೆಯಲ್ಲಿ, ಹತ್ತು ವರ್ಷದವಳಾಗಿ, ಮಲ್ಲು ಮಾಮಾನ ಮೊಣಕಾಲಿಗೆ ಒರಗಿ ಕೂತಿದ್ದೆ.

ಆಯಿ ಎಂದರೆ ನನ್ನ ಅವ್ವನ ಅವ್ವ. ಅಪ್ಪ ನಿಪ್ಪಾಣಿಯ ತಂಬಾಕಿನ ವಖಾರಿಯಲ್ಲಿ ಕೆಲಸಕ್ಕಿದ್ದರು. ಅಲ್ಲಿಯ ತಂಬಾಕಿನ ಧೂಳಿಗೆ ನನಗೆ ಉಬ್ಬಸ ಹತ್ತಿ, ಕೆಮ್ಮಿ ಕೆಮ್ಮಿ ಕಣ್ಣು ಮೇಲಾಗುತ್ತಿದ್ದವಂತೆ. ಅದಕ್ಕೆಂದೇ ನನ್ನನ್ನು ರಾಯಬಾಗಕ್ಕೆ ತಂದುಬಿಟ್ಟರು. ಆ ಮನೆಯಲ್ಲಿ ಆಯಿ, ಅವಳ ಮಗ ಮಲ್ಲು ಮಾಮಾ, ಮಗಳು ಶಾಂತಾ ಮೌಶಿ, ಎರಡು ಎಮ್ಮೆ, ಮತ್ತು ಎಣಿಸಲಾಗದಷ್ಟು ಬಿಚ್ಚಿದ ರೇಡಿಯೋಗಳು ಇದ್ದವು. ಅಜ್ಜ ನಾನು ಹುಟ್ಟುವ ಮೊದಲೇ ತೀರಿಕೊಂಡಿದ್ದರು. ಮಾಮಾ ಮುಂಜಾನೆ ಹೊಲಕ್ಕೆ ಹೋಗಿಬಂದು, ಎಮ್ಮೆಗೆ ಮೇವು ಹಾಕಿ, ಕೈಕಾಲು ತೊಳೆದು, ಪಡಸಾಲೆಯಲ್ಲಿ ಗೋಣಿಚೀಲ ಹಾಸಿ ಕೂತನೆಂದರೆ ಸಂಜೆ ದೀಪ ಹಚ್ಚುವವರೆಗೆ ಏಳುತ್ತಿರಲಿಲ್ಲ. ಮೀರಜಿನ ಒಂದು ಅಂಗಡಿಯಲ್ಲಿ ಎರಡು ವರ್ಷ ಇದ್ದು ಈ ಕೆಲಸ ಕಲಿತು ಬಂದಿದ್ದ. ಅವನ ಎದುರು ಚಹಾದ ಡಬ್ಬಿಗಳು ಸಾಲಾಗಿರುತ್ತಿದ್ದವು. ಒಂದರಲ್ಲಿ ಸ್ಕ್ರೂ, ಒಂದರಲ್ಲಿ ಬಣ್ಣದ ಪಟ್ಟೆಗಳ ಸಣ್ಣ ಸಣ್ಣ ಬಿಡಿಭಾಗ, ಒಂದರಲ್ಲಿ ಜೇನಿನ ಬಣ್ಣದ ರಾಳದ ಚೂರು. ಹಸಿವಾದಾಗ ಆ ರಾಳದ ಚೂರು ಬೆಲ್ಲದಂತೆ ಕಂಡು ನಾನೊಮ್ಮೆ ನೆಕ್ಕಿ ನೋಡಿದ್ದೆ. ಮಾಮಾ ವಾರವಿಡೀ ನಕ್ಕಿದ್ದ.

ನಾನು ಇಂಗ್ಲಿಷ್ ಕಲಿಸಿಯೇ ಹೊಟ್ಟೆ ಹೊರೆದವಳು. ಹೆಸರಿನ ಮುಂದೆ ನಿಂತು ಅದರ ಗುಣ ಹೇಳುವ ಪದಗಳ ಪಾಠ ಬಂದಾಗಲೆಲ್ಲ ಮಕ್ಕಳಿಗೆ ಈ ಒಂದು ಪದ ಹೇಳದೆ ಮುಂದೆ ಹೋದವಳಲ್ಲ: ಅಸೆಂಬಲ್ಡ್. ನಿಘಂಟಿನಲ್ಲಿ ನೋಡಿದರೆ ಬಿಡಿ ಭಾಗಗಳನ್ನು ಕೂಡಿಸಿ ಮಾಡಿದ್ದು ಎಂದಷ್ಟೇ ಇದೆ. ಅದರಲ್ಲಿ ಹೊಗಳಿಕೆ ಇಲ್ಲ, ಬೈಗುಳವೂ ಇಲ್ಲ, ಪಾಪದ ಪದ. ಆದರೆ ಎಂಬತ್ತರ ದಶಕದ ಕೊನೆಗೆ, ನಮ್ಮ ಕಡೆ ಮನೆಮನೆಗೆ ಟೀವಿ ಬರತೊಡಗಿದಾಗ, ಈ ಪದವೂ ಬಾಲವನ್ನು ಅರ್ಧ ಕಳೆದುಕೊಂಡು ಅಸೆಂಬಲ್ ಆಗಿ ಬಂತು, ಬಂದದ್ದೇ ಕೆಟ್ಟ ಹೆಸರು ಹೊತ್ತುಕೊಂಡಿತು. ಕೆಮ್ಮುತ್ತ ನಿಲ್ಲುವ ಮೋಟರ್‌ಸೈಕಲ್ಲು ಅಸೆಂಬಲ್. ನೀರೆತ್ತದ ಪಂಪು ಅಸೆಂಬಲ್. ಸರಿಯಾಗಿ ಊದಲು ಬಾರದ ಮದುವೆಯ ಬ್ಯಾಂಡಿನವರೂ ಅಸೆಂಬಲ್. ಕಂಪನಿ ಎಂದರೆ ಕುಲವಂತ, ಅಸೆಂಬಲ್ ಎಂದರೆ ತಂದೆತಾಯಿ ಗೊತ್ತಿಲ್ಲದ್ದು ಎಂಬಂತೆ ಜನ ಮಾತಾಡುತ್ತಿದ್ದರು. ಮಾಮಾನಿಗೆ ಇದನ್ನು ಕೇಳಿದರೆ ಮೈಯೆಲ್ಲ ಉರಿ. "ಕಂಪನ್ಯಾಗೇನ ಟೀವಿ ಗಿಡಕ್ಕ ಕಾಯಾಗಿ ಬಿಡತಾವೇನ?" ಎನ್ನುತ್ತಿದ್ದ. "ಅಲ್ಲೂ ಯಾರೋ ನನ್ನಂಥಾವ ಕುಂತ ಜೋಡಸೇ ಜೋಡಸ್ತಾನ. ಅವನ ಮಾರಿ ನಿಮಗ ಕಾಣಂಗಿಲ್ಲ, ನನ್ನ ಮಾರಿ ಕಾಣತೈತಿ. ಅಷ್ಟ ಫರಕ."

ಶಾಂತಾ ಮೌಶಿಗೆ ಕಾಗವಾಡದ ಸಂಬಂಧ ಬಂದದ್ದು ಆಗಲೇ. ಕಬ್ಬು, ದ್ರಾಕ್ಷಿ ಇದ್ದ ಮನೆ, ಹುಡುಗ ಒಳ್ಳೆಯವನು. ಹುಡುಗನ ತಂದೆ ಇರಲಿಲ್ಲ. ತಾಯಿ ಅಕ್ಕಾತಾಯಿ ಬಹಳ ಮಾತಿನವಳಲ್ಲ. ಮಾತೆಲ್ಲ ಅವಳ ತಮ್ಮನದು. ಅಥಣಿಯಿಂದ ಬಂದಿದ್ದ ಆ ಸೋದರಮಾವನನ್ನು ನಾವೆಲ್ಲ ಅಥಣಿ ಮಾವ ಎಂದೇ ಕರೆಯುತ್ತಿದ್ದೆವು. ಅವಲಕ್ಕಿ ತಿಂದು, ಮೀಸೆ ಒರೆಸಿಕೊಂಡು, ಆತ ಹೇಳಿದ: "ಹುಡುಗಿ ಪಸಂದ ಅದಾಳ್ರಿ. ನಮಗೇನೂ ಬ್ಯಾಡ, ಒಂದ ಟೀವಿ ಕೊಡ್ರಿ ಸಾಕು. ಆದ್ರ ಕಂಪನೀದ ಇರಬೇಕ ನೋಡ್ರಿ. ಅಸೆಂಬಲ್ ಗಿಸೆಂಬಲ್ ನಡ್ಯಾಂಗಿಲ್ಲ." ಪಡಸಾಲೆಯ ಮೂಲೆಯಲ್ಲಿ ಚಹಾದ ಡಬ್ಬಿಗಳ ಮೇಲೆ ಆಯಿ ಕೌದಿ ಮುಚ್ಚಿದ್ದಳು. ಮಾಮಾ ಆ ಕೌದಿಯ ಕಡೆ ಒಮ್ಮೆ ನೋಡಿ, "ಆತ್ರಿ" ಎಂದ. ಕಂಪನಿಯ ಟೀವಿ ಕೊಳ್ಳುವ ಶಕ್ತಿ ನಮ್ಮ ಮನೆಗೆ ಇಲ್ಲವೆಂಬುದು ನನಗೂ ಗೊತ್ತಿತ್ತು. ಬಾಗಿಲ ಮರೆಯಲ್ಲಿ ನಿಂತ ಮೌಶಿಗೆ ಗೊತ್ತಿಲ್ಲದಿರುತ್ತದೆಯೇ?

ನಾಲ್ಕು ತಿಂಗಳು ಮಾಮಾ ಆ ಟೀವಿ ಮಾಡಿದ. ಬೇರೆ ಎಲ್ಲ ಕೆಲಸ ಬಂದ್. ಪಿಕ್ಚರ್ ಟ್ಯೂಬನ್ನು ಮೀರಜಿನಿಂದ ರೈಲಿನಲ್ಲಿ ತೊಡೆಯ ಮೇಲಿಟ್ಟುಕೊಂಡು, ಮಲಗಿದ ಕೂಸನ್ನು ತರುವಂತೆ ತಂದ. ಪೆಟ್ಟಿಗೆ ಮಾಡಲು ಸುತಾರನಿಗೆ ಕೊಟ್ಟದ್ದು ಮನೆಯ ಹಳೆಯ ಮಂಚದ ಸಾಗವಾನಿ ಹಲಗೆ. ಸ್ಪೀಕರು ಮಾತ್ರ ಹೊಸದಲ್ಲ, ಅಜ್ಜನ ರೇಡಿಯೋದ್ದು. "ಇದರಂಥಾ ದನಿ ಈಗಿನ ಮಾಲಿನಾಗ ಇಲ್ಲ ಸುಮಿ" ಎಂದು ಅದನ್ನು ಬಿಚ್ಚುವಾಗ ಮಾಮಾ ನನಗೆ ಹೇಳಿದ. ಆಯಿ ಬೇಡವೆನ್ನಲಿಲ್ಲ, ಸೆರಗಿನಿಂದ ಅದರ ಧೂಳು ಒರೆಸಿಕೊಟ್ಟಳು. ಮಾಮಾ ಆಂಟೆನಾವನ್ನು ಕೊಲ್ಲಾಪುರದ ದಿಕ್ಕಿಗೆ ತಿರುಗಿಸುತ್ತ, ನಾನು ಅಂಗಳದಲ್ಲಿ ನಿಂತು "ಬಂತು, ಹೋತು, ಬಂತು" ಎಂದು ಕೂಗುತ್ತ ಇರುವಾಗ, ಕೊನೆಗೆ ಒಂದು ಸಂಜೆ ಪರದೆಯ ಮೇಲೆ ಮರಾಠಿ ಸುದ್ದಿ ಓದುವ ಹೆಂಗಸು ನಿಚ್ಚಳವಾಗಿ ಮೂಡಿದಳು. ಅಜ್ಜನ ಸ್ಪೀಕರಿನಿಂದ ಅವಳ ದನಿ ಬಂತು. ಆಯಿ ಓಡಿ ಹೋಗಿ ಕುಂಕುಮ ತಂದು ಪೆಟ್ಟಿಗೆಯ ನೆತ್ತಿಗೆ ಹಚ್ಚಿದಳು. ಮಾಮಾನ ಮುಖ ಅಷ್ಟು ಚೆಂದ ಕಂಡದ್ದನ್ನು ನಾನು ಆಮೇಲೆ ಒಂದೇ ಒಂದು ಸಲ ನೋಡಿದೆ.

ಮದುವೆಗೆ ಎರಡು ದಿನವಿದ್ದಾಗ ಮಾಮಾ ನಮ್ಮ ಕೆಟ್ಟುಹೋದ ಟೇಬಲ್ ಫ್ಯಾನಿನಿಂದ ಕಂಪನಿಯ ಬಿಲ್ಲೆ ಕಿತ್ತ. ಬೆರಳುದ್ದದ, ಫಳಫಳ ಹೊಳೆಯುವ, ಇಂಗ್ಲಿಷ್ ಅಕ್ಷರದ ತಗಡು. ಅರ್ಧ ದಿನ ಅದನ್ನು ಅಂಗೈಯಲ್ಲಿ ಹಿಡಿದುಕೊಂಡೇ ಕೂತಿದ್ದ. ಆಮೇಲೆ ಸ್ಕೇಲ್ ಹಿಡಿದು, ಎರಡೂ ಕಡೆ ಅಳೆದು, ಪೆನ್ಸಿಲಿನ ಗೆರೆ ಹೊಡೆದು, ಟೀವಿಯ ಮುಂಭಾಗಕ್ಕೆ ಕೂದಲೆಳೆಯಷ್ಟೂ ಡೊಂಕಾಗದಂತೆ ಅಂಟಿಸಿದ. ಆಯಿ ನೋಡುತ್ತ ನಿಂತಿದ್ದಳು. "ಕೈ ನಿಂದು, ಹೆಸರ ಮಂದೀದು. ಇದೇನ ಚೆಂದೋ ಮಲ್ಲ್ಯಾ?" ಎಂದಳು. "ಶಾಂತಾನ ಬಾಳೇ ಚೆಂದ ಆಗ್ಲಿ ಬಿಡಬೇ" ಎಂದ ಮಾಮಾ. ನನ್ನನ್ನು ಹತ್ತಿರ ಕರೆದು, ಯಾರ ಮುಂದೆಯೂ ಬಾಯಿ ಬಿಡುವುದಿಲ್ಲವೆಂದು ಗಂಟಲು ಮುಟ್ಟಿಸಿ ಆಣೆ ಮಾಡಿಸಿದ. ಸುಳ್ಳಾದರೆ ಗಂಟಲೇ ಕಟ್ಟಿಹೋಗುತ್ತದೆ ಎಂದು ನಮ್ಮ ಶಾಲೆಯಲ್ಲಿ ಎಲ್ಲರೂ ನಂಬಿದ್ದ ಆಣೆ ಅದು.

ಮರುವರ್ಷದ ಬೇಸಿಗೆ ಸೂಟಿಗೆ ನಾನು ಕಾಗವಾಡಕ್ಕೆ ಮೌಶಿಯ ಮನೆಗೆ ಹೋದೆ. ಭಾನುವಾರ ಮುಂಜಾನೆ ಟೀವಿ ನೋಡಲು ಅರ್ಧ ಓಣಿ ಅಲ್ಲೇ. ಮಂದಿ ಚಾಪೆಯ ಮೇಲೆ, ಹೊಸ್ತಿಲ ಮೇಲೆ, ಕಿಟಕಿಯ ಹೊರಗೆ ಇದ್ದರು. ನಾನು ಮೊದಲು ನೋಡಿದ್ದು ಬಿಲ್ಲೆಯನ್ನು. ಅದು ಎಡಕ್ಕೆ ತುಸು ಇಳಿದಿತ್ತು. ನನಗೆ ಆಶ್ಚರ್ಯವಾಯಿತು, ಆದರೆ ಪ್ರಯಾಣದಲ್ಲಿ ಅಲುಗಿರಬೇಕು ಎಂದುಕೊಂಡು ಸುಮ್ಮನಾದೆ. ಬಂದವರೆಲ್ಲ ಚಿತ್ರ ಎಷ್ಟು ಸ್ವಚ್ಛ, ದನಿ ಎಷ್ಟು ತುಂಬ, ಕಂಪನಿ ಎಂದರೆ ಕಂಪನಿಯೇ ಎನ್ನುತ್ತಿದ್ದರು. ಮೌಶಿ ಪ್ರತಿ ಸಲವೂ ತಲೆ ತಗ್ಗಿಸಿ ಒಳಗೆ ಹೋಗಿಬಿಡುತ್ತಿದ್ದಳು. ಆ ಭಾನುವಾರ ಅಥಣಿ ಮಾವನೂ ಬಂದಿದ್ದ. ಕುರ್ಚಿಯ ಮೇಲೆ ಕಾಲ ಮೇಲೆ ಕಾಲು ಹಾಕಿ ಕೂತು, ತನ್ನ ಓಣಿಯ ಯಾರದೋ ಸೆಟ್ಟು ಹೊಗೆಯಾಡಿ ನಿಂತ ಕತೆ ಹೇಳಿದ. "ಅಸೆಂಬಲ್ ಮಾಡಾವ್ರಂದ್ರ ಕಳ್ಳ ನನ್ ಮಕ್ಕಳು" ಎಂದ. "ಕಸದಾಗಿಂದ ಆರಿಸಿ ತಂದ ಜೋಡಸ್ತಾರ, ಮಂದಿ ಮಾರಿಗಿ ಮಣ್ಣ ಎರಚ್ತಾರ. ನಾ ಅವತ್ತ ಗಟ್ಟಿ ಮಾತಾಡಿದ್ದಕ್ಕ ಈ ಮನ್ಯಾಗ ಇಂಥಾ ಮಾಲ ಬಂತು, ಹೌದಿಲ್ಲೋ?"

ಮೊಣಕಾಲಿಗೆ ಗೋಣಿಚೀಲದ ಗೆರೆ ಬಿದ್ದರೂ ಏಳದೆ ಕೂತ ಮಾಮಾ ನನ್ನ ಕಣ್ಣಮುಂದೆ ಬಂದ. ಆಣೆ ಮರೆತಿರಲಿಲ್ಲ, ಖರೇ ಹೇಳುತ್ತೇನೆ, ಗಂಟಲು ಕಟ್ಟಿದರೆ ಕಟ್ಟಲಿ ಎನಿಸಿತು. ಎದ್ದು ನಿಂತು ಚೀರಿದೆ: "ಇದೂ ಅಸೆಂಬಲ್ಲೇ ಐತಿ! ನಮ್ಮ ಮಾಮಾ ಮಾಡ್ಯಾನ! ಸ್ಪೀಕರ ನಮ್ಮ ಅಜ್ಜಾಂದು!"

ಒಳಬಾಗಿಲಲ್ಲಿ ಚಹಾದ ತಾಟು ಹಿಡಿದು ನಿಂತಿದ್ದ ಮೌಶಿಯ ಮುಖದಲ್ಲಿ ರಕ್ತವಿರಲಿಲ್ಲ. ಅಥಣಿ ಮಾವ ಕಾಲು ಕೆಳಗಿಳಿಸಿ, "ಏನಂದೀ?" ಎಂದು ಎದ್ದ. ನನ್ನಿಂದಾಗಿ ಮೌಶಿಯ ಬಾಳು ಮುಗಿಯಿತು ಎಂದುಕೊಂಡು ನಾನು ಅಳತೊಡಗಿದೆ.

ಆಗ ಗೋಡೆಗೆ ಒರಗಿ ಕೂತಿದ್ದ ಅಕ್ಕಾತಾಯಿ ಎದ್ದಳು. ಟೀವಿಯ ಹತ್ತಿರ ಹೋಗಿ, ಹೆಬ್ಬೆರಳ ಉಗುರಿನಿಂದ ಬಿಲ್ಲೆಯನ್ನು ಮೀಟಿದಳು. ಅದು ಸುಲಭವಾಗಿ ಅವಳ ಕೈಗೆ ಬಂತು. "ಕುಂದರೋ ತಮ್ಮಾ" ಎಂದಳು. "ಇದು ಬಂದ ಎಂಟ ದಿನಕ್ಕ, ನಾ ಅರವಿ ತಗೊಂಡ ಒರಸಾಕತ್ತಾಗ, ಕಿತ್ತ ಕೈಯಾಗ ಬಂದಿತ್ತು. ನನಗ ಓದಾಕ ಬರಂಗಿಲ್ಲ, ನೋಡಾಕ ಬರತೈತಿ. ನಮ್ಮ ಫ್ಯಾನಿನ ಮ್ಯಾಲೂ ಇವ ಅಕ್ಷರ ಅದಾವ. ನಾನ ಡಿಂಕ ಹಚ್ಚಿ ಮತ್ತ ಅಂಟಿಸಿಟ್ಟೆ."

"ಮತ್ತ ಹೇಳಬಾರದೇನಕ್ಕಾ! ಮೋಸ ಮಾಡ್ಯಾರ ಅವರು!"

"ಏನ ಮೋಸ? ಟೀವಿ ಕೇಳಿದಿ, ಟೀವಿ ಬಂದೈತಿ. ಹೆಸರ ಕೇಳಿದಿ, ಹೆಸರೂ ಹಚ್ಚಿ ಕೊಟ್ಟಾರ." ಅವಳು ತಮ್ಮನ ಕಡೆ ತಿರುಗಿದಳು. "ತಂಗಿ ಸಲುವಾಗಿ ಆವಾ ತನ್ನ ಕೈಯ್ಯಾರೆ ಇದನ್ನ ಮಾಡ್ಯಾನ. ನೀನೂ ನನ್ನ ಒಡಹುಟ್ಟಿದಾವ ಅದೀಯಲ್ಲ, ನನ್ನ ಮದವ್ಯಾಗ ನಿನ್ನ ಕೈಲೆ ಏನ ಮಾಡಿ ಕೊಟ್ಟಿದ್ದಿ?"

ಕಿಟಕಿಯ ಹೊರಗೆ ಯಾರೋ ಕಿಸಕ್ಕೆಂದರು. ಅಥಣಿ ಮಾವ ಟವೆಲ್ ಕೊಡವಿ ಹೆಗಲಿಗೆ ಹಾಕಿಕೊಂಡು, ದ್ರಾಕ್ಷಿಯ ಪಡಕ್ಕೆ ನೀರು ಬಿಟ್ಟಿದ್ದಾರೇನೋ ನೋಡುತ್ತೇನೆಂದು ಹೊರಟ. ಅಕ್ಕಾತಾಯಿ ಮೌಶಿಯ ಕೈಯಿಂದ ತಾಟು ಇಸಿದುಕೊಂಡು ತಾನೇ ಎಲ್ಲರಿಗೂ ಚಹಾ ಕೊಟ್ಟಳು. ಆ ಹೊತ್ತು ಮೌಶಿ ಅತ್ತದ್ದು ನೆನೆದರೆ ನನಗೆ ಈಗಲೂ ಕಣ್ಣು ತುಂಬುತ್ತವೆ.

ಅಕ್ಕಾತಾಯಿ ಬಾ ಎಂದು ಹೇಳಿಕಳಿಸಿದಾಗ ಮಾಮಾ ಬೈಸಿಕೊಳ್ಳಲೆಂದೇ ಬಂದ. ಇಸ್ತ್ರಿ ಮಾಡಿದ ಅಂಗಿ ಹಾಕಿಕೊಂಡು, ಅಂಗಳದಲ್ಲಿಯೇ ನಿಂತಿದ್ದ. ನಾನು ಮೇವಿನ ಬಣವೆಯ ಹಿಂದೆ ಅಡಗಿದ್ದೆ. ಅಕ್ಕಾತಾಯಿ ಅವನ ಅಂಗೈಯಲ್ಲಿ ಬಿಲ್ಲೆ ಇಟ್ಟು, "ಮಲ್ಲಪ್ಪಾ, ಇದನ್ನ ನಿನ್ನ ಫ್ಯಾನಿಗಿ ಹಚ್ಚಕೊ. ಟೀವಿ ಮ್ಯಾಲ ನಿನ್ನ ಹೆಸರ ಬರಿ" ಎಂದಳು. "ಇರ್ಲಿ ಬಿಡ್ರಿ ಅತ್ತೀ, ನನ್ನ ಹೆಸರ ಯಾತಕ" ಎನ್ನುತ್ತ ಮಾಮಾ ನಾಚಿದ, ಬರೆಯಲೇ ಇಲ್ಲ. ಆಮೇಲೆ ಬಣವೆಯ ಹತ್ತಿರ ಬಂದು, ನನ್ನನ್ನು ಹೊರಗೆಳೆದು, ಎರಡು ಬೆರಳಿನಿಂದ ನನ್ನ ಗಂಟಲು ಮುಟ್ಟಿ ನೋಡಿ, "ಇನ್ನೂ ಐತಲ್ಲ ಬೇ!" ಎಂದು ನಕ್ಕ. ಟೀವಿಯ ಮೇಲೆ ಬಿಲ್ಲೆ ಇದ್ದ ಜಾಗದಲ್ಲಿ ಪಾಲಿಶ್ ಮಾಸದ ಒಂದು ಚೌಕ ಖಾಲಿ ಉಳಿಯಿತು.

ಆಮೇಲೆ ಕಾಗವಾಡದ ಎಷ್ಟೋ ಮನೆಗಳಿಗೆ ಮಾಮಾನ ಸೆಟ್ಟುಗಳು ಹೋದವು. ಕೆಲವು ವರ್ಷ ನಮ್ಮ ಪಡಸಾಲೆಯಲ್ಲಿ ರಾಳದ ಹೊಗೆ ಆರಲಿಲ್ಲ. ತೊಂಬತ್ತರ ದಶಕದಲ್ಲಿ ಹೆಂಗಸರಿಗೆ ಅಕ್ಷರ ಕಲಿಸುವ ಸಂಜೆಯ ತರಗತಿಗಳು ನಡೆದಾಗ ಅಕ್ಕಾತಾಯಿಯೂ ಪಾಟಿ ಹಿಡಿದು ಹೋದಳಂತೆ. ಒಂದು ದೀಪಾವಳಿಗೆ ಮಾಮಾನೂ ನಾನೂ ಕಾಗವಾಡಕ್ಕೆ ಹೋದಾಗ ಟೀವಿಯ ಚಿತ್ರ ಕುಣಿಯುತ್ತಿದೆ ಎಂದರು. ಮಾಮಾ ಎಂದಿನಂತೆ ನೇರ ಟೀವಿಯ ಹಿಂದೆ ಹೋಗಿ ಅದರ ಬೆನ್ನು ಬಿಚ್ಚಿ, ಕಡ್ಡಿ ಕಾಯಿಸಿ, ಕೆಲಸ ಮುಗಿಸಿ, ಪೆಟ್ಟಿಗೆಯನ್ನು ಮುಂದಕ್ಕೆ ತಿರುಗಿಸಿದ. ಆಗಲೇ ಅವನಿಗೆ ಕಂಡದ್ದು. ಖಾಲಿ ಚೌಕದಲ್ಲಿ, ಕಾರಹುಣ್ಣಿಮೆಗೆ ಎತ್ತಿನ ಕೋಡಿಗೆ ಬಳಿದು ಉಳಿದ ಕೆಂಪು ಬಣ್ಣದಲ್ಲಿ, ಒಂದಕ್ಕೊಂದು ತೋಳು ಕೊಟ್ಟು ನಿಂತಂತೆ ಮೂರು ಡೊಂಕು ಅಕ್ಷರ: ಮಲ್ಲಪ್ಪ. "ನೀ ಬರೀಲಿಲ್ಲ, ನಾ ಕಲತ ಬರದೆ" ಎಂದಳು ಅಕ್ಕಾತಾಯಿ. ಮಾಮಾ ಕಣ್ಣಿಂದ ಚಾಳೀಸು ತೆಗೆದು ಅಂಗಿಯ ತುದಿಯಿಂದ ಒರೆಸಿದ, ಹಾಕಿಕೊಂಡ, ಮತ್ತೆ ತೆಗೆದ. ಮುಖ ಅಷ್ಟು ಚೆಂದ ಕಂಡ ಎರಡನೆಯ ಸಲ ಅದು.

ಬಣ್ಣದ ಟೀವಿಗಳು ಬಂದವು, ಮಾಮಾನ ಕೆಲಸ ಕಡಿಮೆಯಾಗುತ್ತ ನಿಂತಿತು. ಮೊದಲು ಆಯಿ ಹೋದಳು. ದಶಕ ಮುಗಿಯುವ ಮೊದಲೇ, ಎದೆ ಹಿಡಿದುಕೊಂಡು, ಮಾಮಾನೂ. ಅಕ್ಕಾತಾಯಿಯೂ ಈಗಿಲ್ಲ. ರಾಯಬಾಗದ ಮನೆಯ ಜಾಗದಲ್ಲಿ ಸಿಮೆಂಟಿನ ಗೋದಾಮು ಇದೆ. ಆ ಕಡೆ ಹೋದರೆ ನಾನು ಮುಖ ತಿರುಗಿಸಿಕೊಂಡು ದಾಟುತ್ತೇನೆ. ಟೀವಿಯನ್ನು ಮೌಶಿ ನನಗೆ ಕೊಟ್ಟಳು. ನೋಡಿದವರೆಲ್ಲ ಇದಕ್ಕೆ ಪಾರ್ಟು ಸಿಗುವುದಿಲ್ಲ, ಎಸೆಯಿರಿ ಎಂದಿದ್ದಾರೆ. ಮೊನ್ನೆ ಅಂಗಡಿಯವರು ಎರಡನೆಯ ಸಲ ಕೇಳಿದಾಗ, "ಯಾವುದಾದ್ರೂ ಹಾಕ್ರಿ, ನೀವ ಕುಂತ ಜೋಡಿಸಿ ಕೊಡ್ರಿ" ಎಂದೆ. ಮನೆಗೆ ಬಂದು ಟೀವಿಯ ಧೂಳು ಒರೆಸಿದೆ. ಆ ಮೂರು ಅಕ್ಷರದ ಮೇಲೆ ಮಾತ್ರ ಬಟ್ಟೆ ಆಡಿಸುವುದಿಲ್ಲ, ಬಣ್ಣ ಈಗಾಗಲೇ ಅಲ್ಲಲ್ಲಿ ಎದ್ದಿದೆ. ಬಗ್ಗಿ ಅದನ್ನು ಓದುವಾಗ ನನ್ನ ಕೈ ತಾನಾಗಿಯೇ ಗಂಟಲಿಗೆ ಹೋಗುತ್ತದೆ.