ರತ್ನಕ್ಕನ ‘ಬ್ರೆಡ್ಡಿಗೆ ಹಚ್ಚೋದು’

ನನ್ನ ಬೆರಳುಗಳ ನಡುವಿನಿಂದ ಚಿಮ್ಮಿದ ಅವರೆಬೇಳೆ ನೆಟ್ಟಗೆ ಹೋಗಿ ಶ್ವೇತಳ ಕೆನ್ನೆಗೆ ಬಡಿಯಿತು. ಮದುವೆಯಾಗಿ ಆ ಮನೆಗೆ ಬಂದು ಎಂಟೇ ದಿನವಾಗಿದ್ದ ಸೊಸೆ. ಮಾವನಿಗೆ ಕಾಫಿ ತರುತ್ತಿದ್ದವಳು ಹಾಗೇ ನಿಂತುಬಿಟ್ಟಳು. ಬೇಳೆ ಕೆನ್ನೆಗೆ ಅಂಟಿಕೊಂಡೇ ಇತ್ತು. ಅದನ್ನು ತೆಗೆಯುವುದು ಐವತ್ತೆರಡು ವರ್ಷದ ಮೇಷ್ಟರಾದ ನನ್ನ ಕರ್ತವ್ಯವೋ, ತೆಗೆಯದಿರುವುದು ಕರ್ತವ್ಯವೋ ಹೊಳೆಯದೆ, ಕೈಯಲ್ಲಿ ಉಳಿದಿದ್ದ ಸಿಪ್ಪೆಯನ್ನು ಬಾಯಿಗೆ ಹಾಕಿಕೊಂಡೆ.

“ಮುಖದ ಕಡೆ ಹಿಡೀಬಾರ್ದು ಮೇಷ್ಟ್ರೇ, ಪಾತ್ರೆ ಕಡೆ ಹಿಡೀಬೇಕು,” ಎಂದರು ರತ್ನಕ್ಕ, ತಲೆ ಎತ್ತದೆ.

ಅವರೆಕಾಯಿ ಕಾಲದಲ್ಲಿ ವಕ್ಕಲೇರಿಯಲ್ಲಿ ಯಾರ ಮನೆಗೆ ಹೋದರೂ ಇದೇ ಕತೆ. ಬಂದವರ ಮುಂದೆ ಮೊದಲು ಬರುವುದು ಕಾಫಿಯಲ್ಲ, ರಾತ್ರಿಯೆಲ್ಲ ನೆನೆದು ಉಬ್ಬಿದ ಕಾಳಿನ ಬೋಗುಣಿ. ಅಷ್ಟನ್ನು ಹಿತಕಿ, ಸಿಪ್ಪೆ ಒಂದು ಕಡೆ ಬೇಳೆ ಒಂದು ಕಡೆ ಮಾಡಿದ ಮೇಲೆಯೇ ಕುಶಲ ಪ್ರಶ್ನೆ. ಎರಡು ಬೆರಳಿನ ಕೆಲಸ. ಊರಿನ ಮಕ್ಕಳಿಗೂ ಬರುತ್ತದೆ. ನನಗೆ ಬರುವುದಿಲ್ಲ. ನಾನು ವಾರಕ್ಕೊಮ್ಮೆ ಜಿಲ್ಲೆಯ ಪತ್ರಿಕೆಗೆ ಹಾಸ್ಯ ಬರೆಯುತ್ತೇನೆ. ಬೆರಳಿನ ಶಕ್ತಿ ಎಲ್ಲ ಅಲ್ಲಿಗೇ ಖರ್ಚಾಗುತ್ತದೆ ಎಂದು ಹೇಳಿಕೊಳ್ಳುವುದುಂಟು.

ರತ್ನಕ್ಕ, ಅಂದರೆ ವೆಂಕಟರತ್ನಮ್ಮ, ಆ ಮನೆಯ ಯಜಮಾನ ವೆಂಕಟರಾಯಪ್ಪನವರ ತಂಗಿ. ಮುಳಬಾಗಿಲ ಕಡೆಗೆ ಕೊಟ್ಟಿದ್ದರು. ನಾಲ್ಕು ವರ್ಷಕ್ಕೆ ಗಂಡ ತೀರಿಕೊಂಡು, ಒಂದು ಟ್ರಂಕು ಹಿಡಿದು ಅಣ್ಣನ ಮನೆಗೆ ವಾಪಸು ಬಂದವರು, ಮೂವತ್ತಾರು ವರ್ಷದಿಂದ ಅಡುಗೆಮನೆ ಪಕ್ಕದ ಕೋಣೆಯಲ್ಲಿದ್ದರು. ಅಣ್ಣನ ಮಗ ಅಮರನಾಥನನ್ನು ಎತ್ತಿ ಆಡಿಸಿದವರು ಅವರೇ. ಅವನ ಮದುವೆಯ ಆಲ್ಬಮ್ಮಿನಲ್ಲಿ ಅವರು ಒಂದೇ ಒಂದು ಫೋಟೊದಲ್ಲಿದ್ದರು, ಅದೂ ಮೊಣಕೈ ಮಾತ್ರ. “ಇದೇನು ರತ್ನಕ್ಕ, ಹಿಂಗೆ ಬಂದಿದೆ?” ಎಂದರೆ, ಕಣ್ಣು ಕಿರಿದು ಮಾಡಿ ನೋಡಿ, “ಮೊಣಕೈ ಚೆನ್ನಾಗಿ ಬಂದಿದೆ,” ಎಂದರು. ಊಟ ಆಯಿತೇ ಎಂದು ಕೇಳಿದರೆ “ತಟ್ಟೆ ತೊಳ್ದಾಗಿದೆ” ಎನ್ನುವ ಹೆಂಗಸು. ಅವರ ಬಲಗೈ ಹೆಬ್ಬೆರಳ ಉಗುರು ನಡುವೆ ಸೀಳಿತ್ತು. ಪ್ರತಿ ವರ್ಷ ಅವರೆ ಮುಗಿದ ಮೇಲೆ ಕೂಡಿಕೊಳ್ಳುತ್ತಿತ್ತು, ಮತ್ತೆ ಅವರೆ ಬಂದಾಗ ಸೀಳುತ್ತಿತ್ತು.

ವೆಂಕಟರಾಯಪ್ಪನವರಿಗೆ ಸಕ್ಕರೆ ಕಾಯಿಲೆ. ಅದರ ಜೊತೆಗೆ ಹಲ್ಲೂ ಹೋದವು. ಕಟ್ಟಿಸಿದ ಹಲ್ಲು ಬಾಯಲ್ಲಿ ನಿಲ್ಲುವುದಿಲ್ಲ, ಜೇಬಿನಲ್ಲಿ ನಿಲ್ಲುತ್ತದೆ. ಬೆಳಿಗ್ಗೆಗೆ ಗೋಧಿ ಬ್ರೆಡ್ಡು ರೂಢಿಯಾಯಿತು. ಜಾಮು ಕೂಡದು, ಬೆಣ್ಣೆ ಕೂಡದು, ಕಾಯಿ ಚಟ್ನಿ ಕೂಡದು ಎಂದರು ಡಾಕ್ಟರು. ಆಗ ರತ್ನಕ್ಕ ಹಿತಕಿದ ಬೇಳೆಯನ್ನು ಬೆಳ್ಳುಳ್ಳಿ, ಶುಂಠಿ ಜೊತೆ ಬೇಯಿಸಿ, ಹಸಿಮೆಣಸಿನಕಾಯಿ, ಹುರಿದ ಜೀರಿಗೆ, ಕೊತ್ತಂಬರಿ ಸೊಪ್ಪು ಹಾಕಿ ಅರೆದು, ನಿಂಬೆಹಣ್ಣು ಹಿಂಡಿ ಬ್ರೆಡ್ಡಿಗೆ ಬಳಿದು ಕೊಟ್ಟರು. ಬೆಣ್ಣೆಯಷ್ಟೇ ನುಣ್ಣಗೆ, ಎಳೆ ಹಸಿರು ಬಣ್ಣ, ಅವರೆಯ ಸೊಗಡು ಮೂಗಿಗೆ ಮೊದಲು ತಲುಪುತ್ತಿತ್ತು. ಅವರೆ ಇಲ್ಲದ ಕಾಲದಲ್ಲಿ ಅಲಸಂದೆ. ಅದಕ್ಕೆ ಆ ಮನೆಯಲ್ಲಿ ಇದ್ದ ಹೆಸರು ‘ಬ್ರೆಡ್ಡಿಗೆ ಹಚ್ಚೋದು’, ಅಷ್ಟೇ. ಅದಿಲ್ಲದಿದ್ದರೆ ವೆಂಕಟರಾಯಪ್ಪ ತಟ್ಟೆ ತಳ್ಳುತ್ತಿದ್ದರು. ಹೆಂಡತಿ ಶಾಮಲಮ್ಮ ಮಾಡಿದರೂ ತಳ್ಳುತ್ತಿದ್ದರು.

ಅದೇ ಡಾಕ್ಟರು, ನಡೆಯಿರಿ ಎಂದೂ ಹೇಳಿದ್ದರು. ಬೀದಿಯಲ್ಲಿ ನಡೆದರೆ ನಾಯಿ ಅಟ್ಟುತ್ತವೆಂದು ಅಮರನಾಥ ನಿಂತಲ್ಲೇ ನಡೆಯುವ ಮಿಷನ್ನು ತಂದ. ಅದು ನಡುಮನೆಯಲ್ಲಿ ಹಿಡಿಯಲಿಲ್ಲ. ಹಿಡಿಯುವುದು ಅಡುಗೆಮನೆ ಪಕ್ಕದ ಕೋಣೆಯಲ್ಲಿ ಮಾತ್ರ. ಹಾಗಾಗಿ ಅದು ಜಗಲಿಯ ಮೇಲೆ, ನೀಲಿ ಟಾರ್ಪಾಲು ಹೊದ್ದು, ಕೋಣೆ ಖಾಲಿಯಾಗುವುದನ್ನು ಕಾಯುತ್ತಾ ಕೂತಿತ್ತು. ರತ್ನಕ್ಕ ದಿನಾ ಬೆಳಿಗ್ಗೆ ಕಸ ಗುಡಿಸುವಾಗ ಅದರ ಧೂಳನ್ನೂ ಒರೆಸುತ್ತಿದ್ದರು.

ಶಾಮಲಮ್ಮ ಮನಸ್ಸಿನಲ್ಲಿ ಏನನ್ನೂ ಇಟ್ಟುಕೊಳ್ಳುವವರಲ್ಲ. ಆ ದಿನ, ಸೊಸೆಯ ಕೆನ್ನೆಯ ಬೇಳೆಯನ್ನು ತಾವೇ ತೆಗೆದು ಪಾತ್ರೆಗೆ ಹಾಕುತ್ತಾ, ಎಲ್ಲರ ಮುಂದೆ ಹೇಳಿದರು:

“ಇವರಿಗೆ ಬ್ರೆಡ್ಡಿಗೆ ಹಚ್ಚೋಕೆ ಒಬ್ಬಳು ಬೇಕಲ್ಲಾಂತ ಇಟ್ಕೊಂಡಿದ್ದೀವಿ ಮೇಷ್ಟ್ರೇ. ಅದೊಂದು ನಮ್ಮ ಶ್ವೇತ ಕಲ್ತುಬಿಟ್ರೆ, ಈಯಮ್ಮನ್ನ ಶ್ರೀನಿವಾಸಪುರಕ್ಕೆ ಪಾರ್ಸಲ್ ಮಾಡಿ, ಆ ರೂಮಿಗೆ ಮಿಷನ್ ಹಾಕಿಸ್ತೀನಿ. ನಮ್ಮ ಮುನಿರಾಮಪ್ಪನ ಛತ್ರದಲ್ಲಿ ಪಾತ್ರೆ ತೊಳೆಯೋಕೆ ಜನ ಇಲ್ಲಾಂತ ಬಾಯಿ ಬಡ್ಕೋತಾನೆ.”

ಮುನಿರಾಮಪ್ಪ ಶಾಮಲಮ್ಮನವರ ತಮ್ಮ. ಎಲ್ಲರೂ ನಕ್ಕರು. ಎಲ್ಲರಿಗಿಂತ ಜೋರಾಗಿ ನಕ್ಕವನು ನಾನು. ಹಾಸ್ಯ ಬರೆಯುವವನ ಕಿವಿಗೆ ಎಲ್ಲವೂ ಹಾಸ್ಯವಾಗಿಯೇ ಬೀಳುತ್ತದೆ. ರತ್ನಕ್ಕ ಮಾತ್ರ ಹಿತಕುತ್ತಲೇ ಇದ್ದರು. ಟಪ್, ಟಪ್ ಎಂದು ಬೇಳೆ ಪಾತ್ರೆಗೆ ಬೀಳುತ್ತಿತ್ತು.

ಹತ್ತು ದಿನ ಬಿಟ್ಟು ಶಾಮಲಮ್ಮ ನನ್ನನ್ನು ಕರೆಸಿದರು. “ರತ್ನ ಹೇಳ್ತಾಳೆ, ನೀವು ಬರ್ಕೊಳ್ಳಿ ಮೇಷ್ಟ್ರೇ. ಅವಳು ಹೇಳೋದು ಅರ್ಧ ನುಂಗಿ ನುಂಗಿ ಹೇಳ್ತಾಳೆ. ನೀವಾದ್ರೆ ಚೆಂದಾಗಿ ಬರೀತೀರ. ಶ್ವೇತಂಗೆ ಅನುಕೂಲ ಆಗುತ್ತೆ.”

ನನ್ನ ಬರವಣಿಗೆಯನ್ನು ಯಾರಾದರೂ ಕೇಳಿ ಪಡೆದದ್ದು ಅದೇ ಮೊದಲು. ಒಳ್ಳೆಯ ಪೆನ್ನು ತರಲು ಎರಡು ಮನೆ ಆಚೆಗಿದ್ದ ನನ್ನ ಮನೆಗೆ ಹೋಗಿ ಬಂದೆ.

ರತ್ನಕ್ಕ ಒಲೆಯ ಮುಂದೆ ನಿಂತಿದ್ದರು. “ಎಲ್ಲಾನೂ ಹೇಳ್ಬೇಕಾ ಅತ್ತಿಗೆ?” ಎಂದು ಕೇಳಿದರು.

“ಮತ್ತೆ? ಒಂದೂ ಬಿಡ್ದಂಗೆ ಹೇಳು.”

ಬಾಗಿಲಾಚೆ ಟಾರ್ಪಾಲಿನ ಕಡೆಗೊಮ್ಮೆ ನೋಡಿದರು. “ಸರಿ,” ಎಂದು ಹೇಳತೊಡಗಿದರು. ಕಾಳು ಎಷ್ಟು ಹೊತ್ತು ನೆನೆಯಬೇಕು, ಬೆಳ್ಳುಳ್ಳಿ ಎಷ್ಟು ಎಸಳು, ಬೆಂದ ನೀರನ್ನು ಚೆಲ್ಲದೆ ಸಾರಿಗೆ ಇಟ್ಟುಕೊಳ್ಳುವುದು ಎಲ್ಲವನ್ನೂ ಹೇಳಿದರು. ಯಾವುದನ್ನೂ ಮುಚ್ಚಿಡಲಿಲ್ಲ. ಒಂದು ಕಡೆಯಂತೂ ಒತ್ತಿ ಒತ್ತಿ ಹೇಳಿದರು. “ಬೆಂದ್ಮೇಲೆ ಆರಬೇಕು. ಪೂರ್ತಿ ಆರಬೇಕು. ತಟ್ಟೆಯಲ್ಲಿ ಹರವಿ, ಕೈಯಿಟ್ರೆ ತಣ್ಣಗಿರ್ಬೇಕು. ಇನ್ನೂ ಸ್ವಲ್ಪ ಆರಲಿ ಅಂತ ಬಿಡ್ಬೇಕು. ಆಮೇಲೆ ಮಿಕ್ಸಿ.”

ನನಗೆ ಅದು ಪುನರುಕ್ತಿ ಎನ್ನಿಸಿತು. ಒಂದೇ ಮಾತನ್ನು ನಾಲ್ಕು ಸಲ ಹೇಳಿದರೆ ಗದ್ಯ ಜೋಲು ಬೀಳುತ್ತದೆಂದು ಮಕ್ಕಳಿಗೆ ಪಾಠ ಮಾಡುವವನು ನಾನು. ನಾಲ್ಕನ್ನೂ ಹೊಡೆದುಹಾಕಿ, ಆ ಜಾಗದಲ್ಲಿ ಪ್ರಾಸವಿಟ್ಟು ಬರೆದೆ: “ಬೆಂದ ಬೇಳೆ ಬಿಸಿಬಿಸಿಯಾಗಿಯೇ ಬೀಳಲಿ ಮಿಕ್ಸಿಯ ಬಾಯಿಗೆ!”

ಬರೆದದ್ದನ್ನು ಎಲ್ಲರ ಮುಂದೆ ಎದ್ದುನಿಂತು ಓದಿದೆ. ಆ ಸಾಲಿಗೆ ಅಮರನಾಥ ಚಪ್ಪಾಳೆ ತಟ್ಟಿದ. ಶ್ವೇತ ಮೊದಲ ಸಲ ನನ್ನ ಕಡೆ ನೋಡಿ ನಕ್ಕಳು. ರತ್ನಕ್ಕ ಬಾಗಿಲಿಗೆ ಒರಗಿ ನಿಂತು ಕೊನೆಯವರೆಗೂ ಕೇಳಿದರು. “ಹೆಂಗಿದೆ ರತ್ನಕ್ಕ?” ಎಂದೆ.

“ಓದೋಕೆ ಚೆನ್ನಾಗಿದೆ,” ಎಂದು ಒಳಗೆ ಹೋದರು.

ಹಾಳೆಯನ್ನು ಫ್ರಿಜ್ಜಿನ ಬಾಗಿಲಿಗೆ ಅಂಟಿಸಿದರು. ನೀರು ಕುಡಿಯುವ ನೆಪದಲ್ಲಿ ನಾನು ಎರಡು ಮೂರು ಸಲ ಹೋಗಿ ಅದನ್ನು ಓದಿ ಬಂದೆ.

ಸಂಕ್ರಾಂತಿಯ ಮರುದಿನ ಆ ಮನೆಯ ಮುಂದೆ ಹಾದುಹೋಗುವಾಗ ಕಾರು ನಿಂತಿತ್ತು. ರತ್ನಕ್ಕ ಟ್ರಂಕು ಎತ್ತಲಾಗದೆ ಎಳೆಯುತ್ತಿದ್ದರು. ನೆಂಟರ ಮನೆಗೆ ಹೊರಟಿದ್ದಾರೆಂದು ತಿಳಿದು, ನಾನೇ ಟ್ರಂಕನ್ನು ಡಿಕ್ಕಿಗೆ ಹಾಕಿದೆ. “ಏನ್ ರತ್ನಕ್ಕ, ಮನೆ ಖಾಲಿ ಮಾಡ್ತಿದ್ದೀರಾ?” ಎಂದು ತಮಾಷೆ ಬೇರೆ ಮಾಡಿದೆ.

“ಹೂಂ,” ಎಂದರು.

ವೆಂಕಟರಾಯಪ್ಪ ಒಳಗೆ ಬ್ರೆಡ್ಡು ತಿನ್ನುತ್ತಿದ್ದರು. ಅವತ್ತಿನದನ್ನೂ ರತ್ನಕ್ಕನೇ ಮಾಡಿಟ್ಟಿದ್ದರು. ತಿನ್ನುವುದು ಮುಗಿಯದ ಕಾರಣ ಅವರು ಹೊರಗೆ ಬರಲಿಲ್ಲ. ಕಾರು ತಿರುವಿನಲ್ಲಿ ಮರೆಯಾಗುವ ಮೊದಲೇ ಅಮರನಾಥ ಟಾರ್ಪಾಲಿನ ಹಗ್ಗ ಬಿಚ್ಚಲು ಶುರುಮಾಡಿದ. ಶಾಮಲಮ್ಮ ಕೈ ಒರೆಸಿಕೊಳ್ಳುತ್ತಾ, “ನಿಮ್ಮಿಂದ ಬಾಳ ಉಪಕಾರ ಆಯ್ತು ಮೇಷ್ಟ್ರೇ,” ಎಂದರು. ಆಗ ನನಗೆ ಅರ್ಥವಾಯಿತು. ನಾನು ಬರೆದುಕೊಟ್ಟದ್ದು ಅಡುಗೆಯ ಹಾಳೆಯಲ್ಲ, ರತ್ನಕ್ಕನನ್ನು ಮನೆಬಿಡಿಸುವ ನೋಟೀಸು. ಅದರಲ್ಲಿ ಪ್ರಾಸವೂ ಇತ್ತು.

ಮೂರನೆಯ ದಿನ ಬೆಳಿಗ್ಗೆ ಆ ಮನೆಯಿಂದ ಢಬ್ ಎಂಬ ಸದ್ದು, ಆಮೇಲೆ ಕೂಗಾಟ. ಓಡಿದೆ. ಶ್ವೇತ ಹಾಳೆಯನ್ನು ಅಕ್ಷರಶಃ ಪಾಲಿಸಿದ್ದಳು. ಕುದಿಯುವ ಬೇಳೆಯನ್ನು ಹಾಗೇ ಸುರಿದು, ಮುಚ್ಚಳ ಒತ್ತಿ, ಗುಂಡಿ ತಿರುಗಿಸಿದ್ದಳು. ಮುಚ್ಚಳ ಹಾರಿ ಸೂರಿಗೆ ಬಡಿದಿತ್ತು. ಇನ್ನೂ ಎಷ್ಟು ಹೊತ್ತು ಎಂದು ಅವಳ ಹಿಂದೆಯೇ ಬಗ್ಗಿ ನಿಂತಿದ್ದ ವೆಂಕಟರಾಯಪ್ಪನವರ ಕತ್ತು, ಗದ್ದಗಳಿಗೆ ಸುಡುವ ಹಸಿರು ಮುದ್ದೆ ಅಂಟಿತ್ತು. ಒರೆಸಿದರೆ ಚರ್ಮವೂ ಜೊತೆಗೆ ಬಂತು. ಶ್ವೇತಳಿಗೆ ಏನೂ ಆಗಿರಲಿಲ್ಲ. “ಬರ್ದಂಗೇ ಮಾಡ್ದೆ, ಬರ್ದಂಗೇ ಮಾಡ್ದೆ,” ಎನ್ನುತ್ತಿದ್ದಳು.

ವಾರ ಬಿಟ್ಟು ನೋಡಲು ಹೋದೆ. ವೆಂಕಟರಾಯಪ್ಪ ಕತ್ತಿಗೆ ಬಿಳಿ ಮುಲಾಮು ಬಳಿದುಕೊಂಡು ಕೂತಿದ್ದರು. ಗೋಡೆಯ ಮೇಲೆ ಹಸಿರು ಚುಕ್ಕೆಗಳು ಒಣಗಿದ್ದವು. “ನೋಡಪ್ಪ, ನಿನ್ನ ಸಾಹಿತ್ಯ,” ಎಂದು ತೋರಿಸಿದರು.

ತಲೆ ತಗ್ಗಿಸಿಕೊಂಡೇ, “ರತ್ನಕ್ಕನ್ನ ವಾಪಸ್ ಕರೆಸಿದ್ರೆ ಒಳ್ಳೇದೇನೋ,” ಎಂದೆ. ತಪ್ಪು ನನ್ನದಾದರೂ ಅದರಿಂದ ರತ್ನಕ್ಕನಿಗೊಂದು ದಾರಿಯಾದೀತೆಂಬ ಆಸೆ ಇತ್ತು.

“ಯಾಕಪ್ಪಾ?” ಎಂದರು ವೆಂಕಟರಾಯಪ್ಪ. ಪಕ್ಕದಲ್ಲಿದ್ದ ಬಾಟಲಿಯನ್ನು ಎತ್ತಿದರು. ಅಂಗಡಿಯಲ್ಲಿ ಸಿಗುವ ಕಡ್ಲೇಬೀಜದ ಬೆಣ್ಣೆ. ಸಕ್ಕರೆ ಇಲ್ಲದ್ದು ಎಂದು ಮೇಲೆ ಬರೆದಿತ್ತು. ಬೆರಳಲ್ಲಿ ತೆಗೆದು ನೆಕ್ಕಿದರು. “ಅಮರ ತಂದುಕೊಟ್ಟ. ಮೊದ್ಲೇ ಗೊತ್ತಿದ್ರೆ ಇಷ್ಟು ವರ್ಷ ಅವರೆ ಅವರೆ ಅಂತ ಸಾಯ್ತಾನೇ ಇರ್ಲಿಲ್ಲ. ಇದೇ ಚೆನ್ನಾಗಿದೆ ಕಣಯ್ಯಾ.”

ಅಡುಗೆಮನೆ ಪಕ್ಕದ ಕೋಣೆಯ ಬಾಗಿಲು ತೆಗೆದಿತ್ತು. ನಡೆಯುವ ಮಿಷನ್ನಿನ ಎರಡು ಹಿಡಿಗಳ ನಡುವೆ ಹಗ್ಗ ಕಟ್ಟಿ ಒದ್ದೆ ಲಂಗ ಒಣಹಾಕಿದ್ದರು.

ಮಾಘದಲ್ಲಿ ನನ್ನ ಸಹೋದ್ಯೋಗಿಯ ಮಗಳ ಮದುವೆ ಶ್ರೀನಿವಾಸಪುರದಲ್ಲಿ, ಮುನಿರಾಮಪ್ಪನ ಛತ್ರದಲ್ಲೇ. ಊಟದ ಸಾಲಿಗೆ ಹೋಗದೆ ಹಿಂದಿನ ಬಾಗಿಲಿಗೆ ಹೋದೆ. ಆಳೆತ್ತರದ ಪಾತ್ರೆಗಳ ನಡುವೆ ಒಂದು ಚಾಪೆ, ಅದೇ ಟ್ರಂಕು. ಸಂಜೆಯ ಆರತಕ್ಷತೆಗೆ ನೆನೆಸಿದ ಅವರೆಕಾಳಿನ ಗುಡ್ಡದ ಮುಂದೆ ರತ್ನಕ್ಕ ಒಬ್ಬರೇ ಕೂತು ಹಿತಕುತ್ತಿದ್ದರು. ಹೆಬ್ಬೆರಳಿಗೆ ಬಟ್ಟೆ ಸುತ್ತಿತ್ತು. ಬಟ್ಟೆ ಕೆಂಪಾಗಿತ್ತು.

“ಬನ್ನಿ ಮೇಷ್ಟ್ರೇ,” ಎಂದು ಒಂದು ಬೋಗುಣಿ ಕಾಳನ್ನು ನನ್ನ ಮುಂದೆ ತಳ್ಳಿದರು.

ಕೂತೆ. ಪಾತ್ರೆಯ ಕಡೆಗೇ ಹಿಡಿದು ಹಿತಕಿದೆ. “ಮದುವೆ ಇಲ್ದಿದ್ದ ದಿನ ಊಟಕ್ಕೇನು ಮಾಡ್ತೀರಿ ರತ್ನಕ್ಕ?” ಎಂದೆ.

“ಉಳಿದದ್ದು ಇರುತ್ತೆ. ಹುಳಿ ಬಂದಿದ್ರೆ ಹಸಿವು ಬೇಗ ಹೋಗುತ್ತೆ.”

ಇನ್ನೊಂದು ಹಿಡಿ ಕಾಳನ್ನು ಮುಂದಕ್ಕೆಳೆದುಕೊಂಡರು. ಆಮೇಲೆ ಅವರೇ, “ಅಣ್ಣನ ಕತ್ತು ಹೆಂಗಿದೆ?” ಎಂದರು. ಸುದ್ದಿ ಇಲ್ಲಿಗೂ ಬಂದಿತ್ತು.

“ವಾಸಿಯಾಯ್ತು. ಕಲೆ ಉಳ್ಕೊಂಡಿದೆ.”

“ಬೆಳಿಗ್ಗೆಗೆ ಏನು ತಿಂತಾನೆ?”

ಸುಳ್ಳು ಹೇಳಬಹುದಿತ್ತು. ತಟ್ಟೆ ತಳ್ಳುತ್ತಿದ್ದಾರೆ, ನಿಮ್ಮ ಕೈಯದೇ ಬೇಕೆನ್ನುತ್ತಿದ್ದಾರೆ ಎನ್ನಬಹುದಿತ್ತು. ವಾರವಾರ ಸುಳ್ಳು ಬರೆಯುವ ನನಗೆ ಅವತ್ತು ಒಂದೂ ಹೊಳೆಯಲಿಲ್ಲ. ಬಾಟಲಿಯ ವಿಷಯ ಹೇಳಿದೆ. ರತ್ನಕ್ಕನ ಬೆರಳು ಒಂದು ಕಾಳಿನ ಹೊತ್ತು ನಿಂತು, ಮತ್ತೆ ಶುರುವಾಯಿತು. ಟಪ್, ಟಪ್.

ಎದೆಯೊಳಗೆ ಕೂತಿದ್ದ ಪ್ರಶ್ನೆಯನ್ನು ಕೇಳಿಯೇಬಿಟ್ಟೆ. “ರತ್ನಕ್ಕ, ಅವತ್ತು ನಾನು ಓದಿದ್ದನ್ನ ನೀವು ಪೂರ್ತಿ ಕೇಳಿಸ್ಕೊಂಡ್ರಿ. ನೀವು ಆರಬೇಕು ಅಂದಿದ್ದು, ನಾನು ಬಿಸಿಬಿಸಿ ಅಂತ ಬರ್ದಿದ್ದು. ಅಲ್ಲೇ ತಪ್ಪು ಅಂತ ಯಾಕೆ ಹೇಳ್ಲಿಲ್ಲ?”

ಬಟ್ಟೆ ಸುತ್ತಿದ ಹೆಬ್ಬೆರಳಿಂದ ಒಂದು ಬೇಳೆಯನ್ನು ಪಾತ್ರೆಗೆ ಚಿಮ್ಮಿಸಿ ರತ್ನಕ್ಕ ಹೇಳಿದರು:

“ನೀವು ಬರ್ದಿದ್ರಲ್ಲ ಮೇಷ್ಟ್ರೇ. ಅದೂ ತಮಾಷೆ ಅಂದ್ಕೊಂಡೆ.”