ಕೇರಿಗೆ ಮುಟ್ಟದ ಕೂಗು

ಲಗಮಪ್ಪನ ಬಗ್ಗೆ ನಾಲ್ಕು ಮಾತು ಹೇಳುವ ಯೋಗ್ಯತೆ ನನಗಿಲ್ಲ. ಆದರೂ ಹೇಳುತ್ತೇನೆ. ಹೇಳದಿದ್ದರೆ ಕೋರ್ಟಿನ ಕಾಗದದಲ್ಲಿ ನನ್ನ ಸುಳ್ಳೊಂದೇ ಉಳಿಯುತ್ತದೆ.

ನಮ್ಮಿಬ್ಬರದೂ ಕುಲಗೋಡ. ಇಬ್ಬರೂ ಗೋಕಾಕಿನ ಒಂದು ಹತ್ತಿ ಗಿರಣಿಯಲ್ಲಿ ಕಾಮಗಾರರು. ಅವನು ನನಗಿಂತ ಹತ್ತು ವರ್ಷ ದೊಡ್ಡವನು. ಆದರೂ ನಾನು ಅವನನ್ನು ಕರೆಯುತ್ತಿದ್ದದ್ದು 'ಲಗಮ್ಯಾ' ಎಂದು, ಅವನು ನನ್ನನ್ನು 'ಶಿದ್ಲಿಂಗಪ್ಪಣ್ಣಾರ' ಎಂದು. ಅವನು ಕೇರಿಯವನು, ನಾನು ಊರವನು. ಹುಟ್ಟಿದಾಗಿನಿಂದ ಹಾಗೇ ನಡೆದುಬಂದಿತ್ತು, ನನಗೇನೂ ಅನ್ನಿಸುತ್ತಿರಲಿಲ್ಲ. ಸಾಲೆಯಲ್ಲಿ ಬಾಗಿಲ ಹೊರಗೆ ಕುಳಿತೇ ಅಕ್ಷರ ಕಲಿತವನು ಅವನು. ಗಿರಣಿಯಲ್ಲಿ ಯಾರ ಅರ್ಜಿಯಿದ್ದರೂ ಅವನೇ ಬರೆಯಬೇಕು. ಬರೆಸಿಕೊಳ್ಳುವ ನಾವು ಮಾರು ದೂರ ನಿಂತು ಹೇಳುತ್ತಿದ್ದೆವು. ಥೂ ನಮ್ಮ!

ಗಿರಣಿಯಲ್ಲಿ ಕುಡಿಯುವ ನೀರಿನ ಹರವಿ ಎರಡಿದ್ದವು. ನಮ್ಮದು ನೆರಳಿನಲ್ಲಿ, ಕೇರಿಯವರದು ಕಕ್ಕಸಿನ ಗೋಡೆಯ ಬಾಜೂ. ೧೯೫೮ರಲ್ಲಿ ಯೂನಿಯನ್ ಚುನಾವಣೆ ಬರುತ್ತದೆ ಎಂದಾಗ ಲಗಮಪ್ಪ ಕಾರ್ಯದರ್ಶಿ ಜಾಗಕ್ಕೆ ನಿಲ್ಲುತ್ತೇನೆಂದ. "ಆರಿಸಿ ಬಂದ್ರ ಮೊದಲ್ನೇ ಕೆಲಸ ಹರವಿ ಒಂದ ಮಾಡೂದು ನೋಡ್ರಿ" ಎಂದು ಎಲ್ಲರೆದುರೇ ಹೇಳಿದ. ಅಧ್ಯಕ್ಷ ಮುರಿಗೆಪ್ಪ ನಕ್ಕ.

ಆ ದಿನಗಳಲ್ಲಿ ಯಂತ್ರ ದುರಸ್ತಿಗೆಂದು ಗಿರಣಿ ಬಂದ್ ಆಗಿತ್ತು, ಎಲ್ಲರೂ ಊರಲ್ಲಿದ್ದೆವು. ಚುನಾವಣೆ ಎಂದು, ಹೆಸರು ಕೊಡಲು ಕಡೆಯ ದಿನ ಯಾವುದು ಎಂಬ ಸುದ್ದಿ ಸದಸ್ಯರ ಮನೆಮನೆಗೂ ಮುಟ್ಟಬೇಕೆಂಬುದು ಯೂನಿಯನ್ನಿನ ನಿಯಮ. ಓದು ಬಾರದವರೇ ಹೆಚ್ಚು, ಹಾಗಾಗಿ ತಗಡಿನ ತುತ್ತೂರಿ ಹಿಡಿದು ಓಣಿ ಓಣಿ ಕೂಗುತ್ತ ಹೋಗುವುದು ರೂಢಿ. ಕುಲಗೋಡದ ಕೂಗು ನನ್ನ ಪಾಲಿಗೆ ಬಂತು. ಎಲ್ಲ ಓಣಿ ಮುಗಿಸಿ ಕೇರಿಯ ಹತ್ತಿರ ಬಂದೆ. ಖರೆ ಹೇಳುತ್ತೇನೆ, ನನಗೆ ಯಾರೂ ಏನೂ ಹೇಳಿಕೊಟ್ಟಿರಲಿಲ್ಲ. ಕೇರಿಯೊಳಗೆ ಹೋದರೆ ಅವ್ವ ಹಿತ್ತಲಲ್ಲೇ ನಿಲ್ಲಿಸಿ ಸ್ನಾನ ಮಾಡಿಸುತ್ತಾಳೆ. ಆ ಬೇಸರಕ್ಕೆ ದೂರದ ಬೇವಿನ ಮರದಡಿಯೇ ನಿಂತು ಒಂದು ಸಲ ಕೂಗಿ ತಿರುಗಿಬಿಟ್ಟೆ. ಕೇಳಿತೋ ಇಲ್ಲವೋ ನೋಡಲಿಲ್ಲ. ಚುನಾವಣೆಗೆ ಹೆಸರು ಕೊಡಲು ಬುಧವಾರ ಕಡೆಯ ದಿನ. ಲಗಮಪ್ಪನಿಗೆ ಸುದ್ದಿ ಮುಟ್ಟಿದ್ದು ಗುರುವಾರ.

ಮುರಿಗೆಪ್ಪನ ಕಡೆಯವನೇ ಕಾರ್ಯದರ್ಶಿಯಾದ. ಕೇರಿಗೆ ಯಾರೂ ತಿಳಿಸಿಲ್ಲ, ಈ ಚುನಾವಣೆ ರದ್ದಾಗಬೇಕು ಎಂದು ಲಗಮಪ್ಪ ಗೋಕಾಕದ ಕೋರ್ಟಿನಲ್ಲಿ ದಾವೆ ಹೂಡಿದ. ಆಗ ಮುರಿಗೆಪ್ಪ ನನ್ನ ಮನೆಗೆ ಬಂದ.

"ಕೇರಿ ಒಳಗ ಹೋಗಿ ಕೂಗೇನಿ ಅಂತ ಹೇಳಪಾ. ಇಲ್ಲಂದ್ರ ಎಲ್ಲಾರ ಮಾನ ಹೋಗ್ತೈತಿ."

ನನ್ನ ತಪ್ಪು ಮುಚ್ಚಿಹೋಗುತ್ತದಲ್ಲ ಎಂದು ನಾನೂ ಹೂಂ ಅಂದೆ.

ಕಟಕಟೆಯಲ್ಲಿ ನಿಂತು ದೇವರ ಮೇಲೆ ಆಣೆ ಮಾಡಿ, ಕೇರಿಯೊಳಗೆ ಹೋಗಿದ್ದೆ ಎಂದೆ. ಅಷ್ಟಕ್ಕೇ ಬಾಯಿ ಮುಚ್ಚಬೇಕಿತ್ತು, ಹಾಳಾದ ಬಾಯಿ! ಲಗಮಪ್ಪನ ವಕೀಲರು "ಯಾರ ಮನೀಗೆ ಹೋಗಿದ್ರಿ?" ಎಂದು ಒತ್ತಿ ಕೇಳಿದರು. ನಂಬಲಿ ಎಂದು ನಾನು ಇನ್ನೊಂದು ಸೇರಿಸಿದೆ.

"ಲಗಮಪ್ಪನ ಮನೀಗೇ ಹೋಗಿದ್ನಿರಿ. ಬಾಳ ನೀರಡಿಸಿತ್ತು. ಅವನ ಹೇಣ್ತಿ ಸಾವಂತ್ರೆವ್ವ ತಂಬಿಗಿ ನೀರು ಕೊಟ್ಟಳು, ಕುಡದ್ನಿರಿ."

ಹಿಂದೆ ಕುಳಿತಿದ್ದ ನಮ್ಮೂರ ಹಿರಿಯರು ತಲೆಯೆತ್ತಿ ನನ್ನನ್ನು ನೋಡಿದರು. ನಾನು ಅಲ್ಲಿ ನೀರು ಕುಡಿಯುವವನಲ್ಲ ಎಂದು ಅವರಿಗೂ ಗೊತ್ತು, ಕೇರಿಯವರಿಗೂ ಗೊತ್ತು. ನ್ಯಾಯಾಧೀಶರು ಲಗಮಪ್ಪನ ಕಡೆ ತಿರುಗಿ, ಇದು ನಿಜವೇ ಎಂದು ಕೇಳಿದರು. ಅವನು ಕೈಮುಗಿದ.

"ಇಲ್ರಿ ಸಾಹೇಬ್ರ. ಅಣ್ಣಾರು ನಮ್ಮ ಮನ್ಯಾಗ ನೀರು ಕುಡಿಯೂಹಂಗಿದ್ರ ನಾ ಈ ಚುನಾವಣಿಗೆ ಯಾಕ ನಿಲ್ಲಾಕ ಹೊಂಟಿದ್ನಿರಿ?"

ನಾಚಿಕೆಯಿಂದ ನನಗೆ ಕಟಕಟೆ ಇಳಿಯುವುದೇ ಕಷ್ಟವಾಯಿತು.

ತೀರ್ಪು ಲಗಮಪ್ಪನ ಕಡೆಗಾಯಿತು. ಈ ಸಾಕ್ಷಿಯ ಮಾತು ನಂಬಲು ಯೋಗ್ಯವಲ್ಲ ಎಂದು ಅದರಲ್ಲಿ ಬರೆದಿದೆಯಂತೆ. ಮತ್ತೆ ಚುನಾವಣೆ, ಮತ್ತೆ ಮನೆಮನೆಗೆ ಕೂಗು. ಮುರಿಗೆಪ್ಪ ತುತ್ತೂರಿಯನ್ನು ನನ್ನ ಕೈಗೇ ತುರುಕಿ, "ನೀನ ಕೆಡಿಸಿದಿ, ನೀನ ಹೋಗು" ಎಂದ.

ಹೋದೆ. ಮಟಮಟ ಮಧ್ಯಾಹ್ನ ಕೇರಿಯ ಒಂದೊಂದು ಬಾಗಿಲ ಮುಂದೂ ನಿಂತು ಕೂಗಿದೆ. ಹೆಂಗಸರು ಸೆರಗು ಬಾಯಿಗಿಟ್ಟು ನಗುತ್ತಿದ್ದರು, ನಗಲಿ ಬಿಡಿ. ಲಗಮಪ್ಪನ ಮನೆ ಕೊನೆಯದು. ಅಲ್ಲಿಗೆ ಬರುವಷ್ಟರಲ್ಲಿ ಗಂಟಲು ಒಣಗಿ ದನಿ ಒಡೆದಿತ್ತು. ಸಾವಂತ್ರೆವ್ವ ಒಳಗಿನಿಂದ ತಂಬಿಗೆ ತುಂಬ ನೀರು ತಂದು ಹಿಡಿದಳು.

"ತಗೋರಿ ಅಣ್ಣಾರ, ಬಿಸಲಾಗ ಬಂದೀರಿ."

ಅವಳ ಮಾತಿನಲ್ಲಿ ಕೊಂಕಿರಲಿಲ್ಲ. ತೆಗೆದುಕೊಳ್ಳಬೇಕೆಂದೇ ಇತ್ತು ನನ್ನ ಮನಸ್ಸು. ಆದರೆ ಕೈ ಏಳಲಿಲ್ಲ. "ನೀರಡಿಕಿ ಇಲ್ಲ ಬಿಡವಾ" ಎಂದೆ, ಆ ಒಡಕು ದನಿಯಲ್ಲೇ.

ಹೊಸ್ತಿಲ ಮೇಲೆ ಕುಳಿತಿದ್ದ ಲಗಮಪ್ಪ ಹೆಂಡತಿಗೆ ಮೆಲ್ಲಗೆ ಹೇಳಿದ.

"ಒಳಗ ಇಡು ಸಾವಂತ್ರಿ. ಅಣ್ಣಾರು ಕೋರ್ಟಿನ್ಯಾಗ ಕುಡದಾರ."

ಆ ಸಲ ಅವನು ಗೆದ್ದ. ಹರವಿ ಒಂದಾಯಿತು, ಅದೂ ನೆರಳಿನಲ್ಲಿ. ನಾನೂ ಅದರಲ್ಲೇ ಕುಡಿಯುತ್ತೇನೆ, ಕುಡಿಯದೆ ಎಲ್ಲಿಗೆ ಹೋಗಲಿ? ಈಗ ಅವನನ್ನು ಲಗಮಪ್ಪಾ ಎಂದೇ ಕರೆಯುತ್ತೇನೆ. ಅವನು ಓ ಎನ್ನುತ್ತಾನೆ, ನನ್ನ ಅರ್ಜಿಯನ್ನೂ ಬರೆದುಕೊಡುತ್ತಾನೆ. ಅದಕ್ಕಾಗಿ ಅವನ ಮನೆ ಮುಂದೆ ಬಿಸಿಲಲ್ಲಿ ಎಷ್ಟೋ ಸಲ ನಿಂತಿದ್ದೇನೆ. ನೀರು ಬೇಕೇನ್ರಿ ಎಂದು ಸಾವಂತ್ರೆವ್ವ ಮತ್ತೆ ಕೇಳಿಲ್ಲ.