ಸತ್ತರೂ ಎದ್ದು ನಿಂತ ದಿನ

ಅರವತ್ತರ ದಶಕದಲ್ಲಿ ನಮ್ಮ ತಿಕೋಟಾದ ಜನ ನಾಟಕ ಮೆಚ್ಚಿದರೆ ಬರೀ ಚಪ್ಪಾಳೆ ತಟ್ಟಿ ಸುಮ್ಮನಾಗುತ್ತಿರಲಿಲ್ಲ. ‘ವನ್ಸ್ ಮೋರ್’ ಅಂತ ಕೂಗುತ್ತಿದ್ದರು. ಕೂಗಿದರೆ ಸತ್ತವನೂ ಎದ್ದು, ಧೂಳು ಕೊಡವಿಕೊಂಡು, ಅದೇ ಮಾತಾಡಿ ಮತ್ತೆ ಸಾಯಬೇಕು. ಅದು ರಂಗದ ಮರ್ಯಾದೆ.

ನಾನು ನಾಲ್ಕನೇ ಇಯತ್ತೆಗೇ ಶಾಲೆ ಬಿಟ್ಟು ಹುಸೇನ ಮಾಸ್ತರರ ನಾಟಕ ಮಂಡಳಿ ಸೇರಿದವನು. ಜೋಳದ ಕಣದಲ್ಲಿ ಅವರು ನನಗೆ ಬೀಳುವುದನ್ನು ಕಲಿಸುತ್ತಿದ್ದರು.

“ಮೊದಲ ಮೊಳಕಾಲು, ಆಮ್ಯಾಲ ಹೆಗಲು, ತಲಿ ಕಡೀಕ. ತಲಿ ಒಡಕೊಂಡ್ರ ನಿಮ್ಮವ್ವಗ ನಾ ಏನ್ ಹೇಳ್ಲಿ?”

ಒಮ್ಮೆ ವಿಜಾಪುರದ ಹಳೇ ಕೋಟೆಗೋಡೆಯ ಹತ್ತಿರ ಸಿನಿಮಾದವರು ಬಂದರು. ಬಾಣ ತಾಗಿ ಸಾಯುವ ಹುಡುಗ ಬೇಕಾಗಿತ್ತು. ಮಾಸ್ತರರು ನನ್ನನ್ನು ಸೈಕಲ್ಲಿನ ಹಿಂದೆ ಕೂರಿಸಿಕೊಂಡು ಹೋದರು. ತಿಕೋಟಾ, ಬಬಲೇಶ್ವರದವರೂ ರೊಟ್ಟಿ, ಶೇಂಗಾ ಹಿಂಡಿ ಕಟ್ಟಿಕೊಂಡು ನೋಡಲು ಬಂದಿದ್ದರು.

ನಾನು ಬಿದ್ದೆ. ಚೆಂದ ಬಿದ್ದೆ. ನಾಯಕ ಬಂದು ನನ್ನ ತಲೆ ಎತ್ತಿ ಅಳಬೇಕು, ಅಷ್ಟರಲ್ಲಿ ಬಬಲೇಶ್ವರದವನೊಬ್ಬ ಕೂಗಿದ: “ವನ್ಸ್ ಮೋರ್!”

ನಾನು ಎದ್ದೆ. ಧೂಳು ಕೊಡವಿ, ಜನಕ್ಕೆ ಕೈಮುಗಿದು, ಮತ್ತೆ ಸಾಯಲು ಶುರು ಮಾಡಿದೆ.

“ರೀಲು ಹಾಳಾಯ್ತಲ್ರೀ! ಬೇರೆ ಹುಡುಗನ್ನ ಹುಡುಕಿ!” ನಿರ್ದೇಶಕರು ಸಿಡಿದರು.

ಶಾಲೆ ಬಿಟ್ಟಾಗಿತ್ತು, ಇದೂ ಹೋದರೆ ಅಪ್ಪನ ಹಿಂದೆ ಕಲ್ಲು ಒಡೆಯುವುದೇ ಗತಿ.

ಮಾಸ್ತರರು ಟೋಪಿ ತೆಗೆದು ನಿಂತರು. “ಸಾಹೇಬ್ರ, ಹುಡುಗಂದೇನ್ ತಪ್ಪಿಲ್ರಿ. ಸತ್ರ ಏಳಬೇಕಂತ ಕಲಿಸಿದಾಂವ ನಾನು. ಇನ್ನೊಂದ ಸಲ ನೋಡ್ರಿ.”

ನಿರ್ದೇಶಕರು ಗೊಣಗುತ್ತ ಒಪ್ಪಿದರು. ಮಾಸ್ತರರು ಜನರ ಕಡೆ ತಿರುಗಿ, “ಬಬಲೇಶ್ವರದವ್ರ, ಬಾಯಾಗ ರೊಟ್ಟಿ ತುರುಕ್ಕೊಂಡು ಕುಂದರ್ರಿ!” ಅಂದರು. ಆಮೇಲೆ ನನ್ನ ಕಿವಿಯಲ್ಲಿ: “ಈ ಸಲ ಖುದಾ ಬಂದು ಕರದ್ರೂ ಏಳಬ್ಯಾಡಲೇ.”

ಅದೇ ಜಾಗದಲ್ಲಿ, ಹಾಗೆಯೇ ಬಿದ್ದೆ. ಸುಡುವ ಕಲ್ಲು. ಕೆಂಜಿಗವೊಂದು ಕುತ್ತಿಗೆಗೆ ಕಚ್ಚಿತು. ಅಲ್ಲಾಡಲಿಲ್ಲ. ಶಾಟ್ ಮುಗಿದರೂ ಏಳಲಿಲ್ಲ. ಮಾಸ್ತರರೇ ಬಂದು ಅಲುಗಾಡಿಸಬೇಕಾಯಿತು.

ನಿರ್ದೇಶಕರು ನಕ್ಕುಬಿಟ್ಟರು. “ಇವನಿಗೆ ಸಾಯೋಕೆ ಮುಂಚೆ ಎರಡು ಮಾತು ಸೇರಿಸಿ” ಅಂದರು.

ಆ ಎರಡು ಮಾತಿನಿಂದಲೇ ನಾನು ಸಿನಿಮಾದವನಾದೆ. ಇನ್ನೊಂದು ಸಲ ಕೊಡಿಸಿದ್ದು ಮಾಸ್ತರರ ಮಾತು, ಉಳಿಸಿದ್ದು ಮೈ ಕಲಿತ ಕೆಲಸ.

ಚಿತ್ರ ವಿಜಾಪುರಕ್ಕೆ ಬಂದಾಗ ಅವ್ವನನ್ನು ಕರೆದುಕೊಂಡು ಹೋದೆ. ತೆರೆಯ ಮೇಲೆ ಬಾಣ ತಾಗಿದ್ದೇ ತಡ, ಅವಳು ಹೋ ಅಂತ ಅಳತೊಡಗಿದಳು.

“ಯವ್ವಾ, ನಾ ಇಲ್ಲೇ ಅದೇನಿ ಬೇ!”

“ಸುಮ್ನ ಕುಂದರಲೇ. ಕೂಸು ಸಾಯಾಕತ್ತೈತಿ.”

ಆಮೇಲೆ ಎಷ್ಟೋ ಚಿತ್ರಗಳಲ್ಲಿ ಸತ್ತಿದ್ದೇನೆ: ಕತ್ತಿಗೆ, ಗುಂಡಿಗೆ, ವಿಷಕ್ಕೆ. ತೆರೆಯ ಮೇಲೆ ಹೆಸರು ಬಂದದ್ದು ಕಡಿಮೆ. ಅದಕ್ಕೆ ನನಗೆ ಬೇಸರವಿಲ್ಲ. ಒಮ್ಮೆಯೂ ಕೆಟ್ಟದಾಗಿ ಸತ್ತಿಲ್ಲ. ಆದರೆ ಅವ್ವ ಹೋದ ಮೇಲೆ, ನಾನು ಸತ್ತದ್ದಕ್ಕೆ ಹಾಗೆ ಅತ್ತವರು ಯಾರೂ ಇಲ್ಲ.